ಒಂದೇ ಕಂಬದ ಮೇಲೆ ಮೂರು ಗುರುತು: ಲೇಸರ್ ಲೆವೆಲ್ ತಪಾಸಣೆಯ ಒಂದು ಪ್ರಕರಣ

ರಾಜರಾಜೇಶ್ವರಿ ನಗರದಲ್ಲಿ 40×60 ಸೈಟಿನ ಮನೆ. ನೆಲಮಹಡಿಯಲ್ಲಿ ಹಾಲ್, ಡೈನಿಂಗ್, ಅಡುಗೆಮನೆ ಮೂರೂ ಒಂದೇ ಸಾಲಿನಲ್ಲಿವೆ. ಮುಂಬಾಗಿಲಲ್ಲಿ ನಿಂತರೆ ಹಿಂದಿನ ಗೋಡೆವರೆಗೆ ನೇರ ನೋಟ. ಅಡುಗೆಮನೆಗೆ ಟೈಲ್ಸ್ ಹಾಕಿ ಐದು ದಿನವಾಗಿತ್ತು. ಎರಡನೇ ತಂಡ ಡೈನಿಂಗ್ ಕಡೆಯಿಂದ ಕೆಲಸ ಹಿಡಿದು, ಅಡುಗೆಮನೆ ಬಾಗಿಲಿನ ಬಳಿ 600×1200 ಮಿ.ಮೀ. ಟೈಲ್ಸ್ ಎರಡು ಸಾಲು ಕೂರಿಸಿದಾಗ ಎರಡೂ ನೆಲ ಕೂಡುವಲ್ಲಿ ಏರು ಕಾಣಿಸಿತು. ಸ್ಟೀಲ್ ಸ್ಕೇಲ್ ಇಟ್ಟು ನೋಡಿದರೆ ಬಾಗಿಲಿನ ಒಂದು ತುದಿಯಲ್ಲಿ 6, ಇನ್ನೊಂದು ತುದಿಯಲ್ಲಿ 7 ಮಿ.ಮೀ. ಹೆಚ್ಚುಕಡಿಮೆ ಕಾಲಿಂಚು. ಅಡುಗೆಮನೆ ಮೇಲೆ, ಡೈನಿಂಗ್ ಕೆಳಗೆ. ಅಕ್ಕಪಕ್ಕದ ಟೈಲ್ಸ್ ನಡುವೆ 1 ಮಿ.ಮೀ. ಏರಿದ್ದರೂ ಬರಿಗಾಲಿಗೆ ಗೊತ್ತಾಗುತ್ತದೆ. ಕಾಲಿಂಚು ಎಂದರೆ ಎಡವಿ ಬೀಳುವ ಮಾತು.

ಎರಡೂ ತಂಡ ಬಳಸಿದ್ದು ಒಂದೇ ಲೇಸರ್ ಲೆವೆಲ್, ಅಂದರೆ ಗೋಡೆ ಕಂಬಗಳ ಮೇಲೆ ಸಮಮಟ್ಟದ ಬೆಳಕಿನ ಗೆರೆ ಬಿಡುವ ಉಪಕರಣ. ಮಟ್ಟ ಹಿಡಿದದ್ದೂ ಒಂದೇ ಗುರುತಿನಿಂದ: ಮುಂಬಾಗಿಲ ಪಕ್ಕದ ಕಂಬದ ಮೇಲೆ, ಮುಗಿದ ನೆಲಕ್ಕಿಂತ 1000 ಮಿ.ಮೀ. ಎತ್ತರದಲ್ಲಿ ಎಳೆದಿದ್ದ ಗೆರೆ. ಆ ಗೆರೆಯನ್ನು ಅಡುಗೆಮನೆಯ ಹಿಂದಿನ ಕಂಬಕ್ಕೆ ಎರಡು ಸಲ, ಬೇರೆ ಬೇರೆ ದಿನ ದಾಟಿಸಲಾಗಿತ್ತು. ಅಲ್ಲಿ ಬಿದ್ದ ಎರಡು ಗುರುತುಗಳ ನಡುವೆ ಸುಮಾರು 7 ಮಿ.ಮೀ. ಅಂತರ. ಅನುಮಾನ ಬಂದ ಗಾರೆ ಮೇಸ್ತ್ರಿ ನೀರಿನ ಪೈಪು ಹಿಡಿದು (ನೀರು ತುಂಬಿದ ಪೈಪಿನ ಎರಡೂ ತುದಿಯಲ್ಲಿ ನೀರು ಒಂದೇ ಮಟ್ಟಕ್ಕೆ ನಿಲ್ಲುತ್ತದೆ) ಮೂರನೆಯ ಗುರುತು ಹಾಕಿದರು. ಅದು ಮೊದಲ ಎರಡರ ನಡುವೆ ಬಂತು. ಒಂದೇ ಕಂಬದ ಮೇಲೆ ಈಗ ಮೂರು "ಒಂದು ಮೀಟರ್". "ಪೈಪು ಸುಳ್ಳು ಹೇಳಲ್ಲ ಸಾರ್" ಎನ್ನುವುದು ಮೇಸ್ತ್ರಿಯ ವಾದ. "ಹೋದ ವಾರ ತಾನೇ ಲೇಸರ್ ಚೆಕ್ ಮಾಡಿದ್ದೀವಿ, ಸರಿಯಾಗಿಯೇ ಇತ್ತು" ಎನ್ನುವುದು ಸೈಟ್ ಸೂಪರ್‌ವೈಸರ್ ವಾದ. ಲೇಸರ್ ಒಮ್ಮೆ ಟ್ರೈಪಾಡಿನಿಂದ ಬಿದ್ದಿತ್ತು ಎಂಬ ಗುಸುಗುಸು ಬೇರೆ.

ಪೆಟ್ಟಿಗೆ ಮೇಲಿನ ಸಂಖ್ಯೆ

ಉಪಕರಣ ಈಗ ಎಸ್.ಪಿ. ರಸ್ತೆಯ ಅಂಗಡಿಗಳಲ್ಲಿ ಸಾಲಾಗಿ ಸಿಗುವ ಬಗೆಯದು: ಹಸಿರು ಬೆಳಕು, ಸುತ್ತ 360 ಡಿಗ್ರಿ ಗೆರೆ ಎಳೆಯುವ ಮೂರು ತಲೆ, ತಾನಾಗಿ ಮಟ್ಟಕ್ಕೆ ಬರುವ ಲೋಲಕ. ಪೆಟ್ಟಿಗೆ ಮೇಲೆ "10 ಮೀಟರಿಗೆ ±3 ಮಿ.ಮೀ., ಸ್ವಯಂ ಮಟ್ಟ ±4°" ಎಂದಿತ್ತು. ಮೊದಲ ಸಂಖ್ಯೆಯನ್ನು ಸೈಟಿನಲ್ಲಿ "ಹೆಚ್ಚೆಂದರೆ 3 ಮಿ.ಮೀ. ತಪ್ಪಬಹುದು" ಎಂದು ಓದಿಕೊಳ್ಳುತ್ತಾರೆ. ಗಲಿಬಿಲಿಗೆ ಅದೇ ಮೂಲ. ಅದು ಮಿಲಿಮೀಟರ್ ಲೆಕ್ಕವಲ್ಲ, ಓರೆಯ ಲೆಕ್ಕ: ಪ್ರತಿ ಮೀಟರಿಗೆ 0.3 ಮಿ.ಮೀ., ಕೋನದಲ್ಲಿ ಸುಮಾರು 62 ಸೆಕೆಂಡ್ (ಒಂದು ಡಿಗ್ರಿಯ 3600ನೇ ಒಂದು ಭಾಗ ಒಂದು ಸೆಕೆಂಡ್). ಗೆರೆ ದೂರ ಹೋದಷ್ಟೂ ತಪ್ಪು ಬೆಳೆಯುತ್ತದೆ.

ಮಟ್ಟ ದಾಟಿಸುವಾಗ ಇನ್ನೊಂದು ಸಂಗತಿ ಸೇರಿಕೊಳ್ಳುತ್ತದೆ. ಲೇಸರನ್ನು ಹಳೆಯ ಗುರುತಿಗೆ ಹೊಂದಿಸಿದಾಗ ಅಲ್ಲಿಯೂ ತಪ್ಪು ಇರುತ್ತದೆ, ಹೊಸ ಗುರುತು ಹಾಕುವಲ್ಲಿಯೂ ಇರುತ್ತದೆ. ಎರಡೂ ಒಂದೇ ದಿಕ್ಕಿನ ತಪ್ಪಾದ್ದರಿಂದ ಒಂದರಲ್ಲಿ ಇನ್ನೊಂದು ಕಳೆಯುತ್ತದೆ. ಹೀಗಾಗಿ ಹೊಸ ಗುರುತಿನಲ್ಲಿ ಉಳಿಯುವ ತಪ್ಪು ಎಂದರೆ ಎರಡು ದೂರಗಳ ವ್ಯತ್ಯಾಸವನ್ನು ಓರೆಯಿಂದ ಗುಣಿಸಿದಷ್ಟು. ಲೇಸರ್ ಹಳೆಯ ಗುರುತಿನಿಂದ 6 ಮೀಟರ್, ಹೊಸದರಿಂದಲೂ 6 ಮೀಟರ್ ಇದ್ದರೆ ತಪ್ಪು ಸೊನ್ನೆ. ಒಂದಕ್ಕೆ 1 ಮೀಟರ್, ಇನ್ನೊಂದಕ್ಕೆ 11 ಮೀಟರ್ ಇದ್ದರೆ ಹತ್ತು ಮೀಟರಿನ ತಪ್ಪು ಪೂರ್ತಿ ಬೀಳುತ್ತದೆ. ಲೇಸರ್ ಎಷ್ಟು ಸರಿ ಎನ್ನುವುದರಷ್ಟೇ ಅದನ್ನು ಎಲ್ಲಿ ಇಟ್ಟರು ಎನ್ನುವುದೂ ಮುಖ್ಯ. ಈ ಮನೆಯಲ್ಲಿ ಅದನ್ನು ಯಾರೂ ಬರೆದಿಟ್ಟಿರಲಿಲ್ಲ. ಎರಡೂ ತಂಡದವರನ್ನು ಕೇಳಿ, ಟ್ರೈಪಾಡ್ ಕಾಲಿನ ಗುರುತು ನೋಡಿ ಪತ್ತೆ ಮಾಡಬೇಕಾಯಿತು.

ಪತ್ತೆಯಾದದ್ದು ಇಷ್ಟು. ಮುಂದಿನ ಕಂಬಕ್ಕೂ ಹಿಂದಿನ ಕಂಬಕ್ಕೂ ನಡುವೆ 12 ಮೀಟರ್. ಮೊದಲ ದಿನ ಲೇಸರ್ ಇದ್ದದ್ದು ಮುಂಬಾಗಿಲ ಬಳಿ, ಮುಂದಿನ ಕಂಬದಿಂದ 1 ಮೀಟರಿನಲ್ಲಿ. ಅಡುಗೆಮನೆಯವರು ಹಿಂದಿನ ಕಂಬದ ಆ ಗುರುತಿನಿಂದ ದಾರ ಮತ್ತು ರಸಮಟ್ಟ ಹಿಡಿದು ನೆಲ ಮಾಡಿದರು. ಕೆಲದಿನ ಕಳೆದು ಹಾಲಿನ ತುಂಬ ಟೈಲ್ಸ್ ಪೆಟ್ಟಿಗೆ ಬಂದು ಬಿದ್ದವು. ಜಾಗವಿಲ್ಲದೆ ಎರಡನೇ ತಂಡ ಲೇಸರನ್ನು ಅಡುಗೆಮನೆಯಲ್ಲಿ, ಹಿಂದಿನ ಕಂಬದಿಂದ 1 ಮೀಟರಿನಲ್ಲಿ ಇಟ್ಟಿತು. ಅಲ್ಲಿಂದ 11 ಮೀಟರ್ ದೂರದ ಮುಂದಿನ ಕಂಬದ ಗೆರೆಗೆ ಹೊಂದಿಸಿ ಡೈನಿಂಗಿಗೆ ಮಟ್ಟ ತೆಗೆಯಿತು.

ಪಾಸಾದ ಚೆಕ್

ಸೂಪರ್‌ವೈಸರ್ ಹೋದ ವಾರ ಮಾಡಿದ್ದ ಚೆಕ್ ಸುಳ್ಳಲ್ಲ. 4 ಮೀಟರ್ ಅಗಲದ ಮಲಗುವ ಕೋಣೆಯ ನಡುವೆ ಲೇಸರ್ ಇಟ್ಟು, ಎರಡೂ ಗೋಡೆಯಲ್ಲಿ ಪೆನ್ಸಿಲ್ ಗುರುತು ಹಾಕಿ, ಉಪಕರಣವನ್ನು 180 ಡಿಗ್ರಿ ತಿರುಗಿಸಿ ಮತ್ತೆ ನೋಡಿದ್ದರು. ಗೆರೆ ಅದೇ ಗುರುತಿನ ಮೇಲೆ ಬಿತ್ತು, "ಓಕೆ" ಎಂದಾಯಿತು. ಸೈಟಿನಲ್ಲಿ ಬಹಳ ಜನ ಮಾಡುವುದು ಇದನ್ನೇ.

ಈ ಚೆಕ್ಕಿಗೆ ಎರಡು ಕುರುಡು ಇವೆ. ಒಂದು, ದೂರ ಸಾಲದು. ನಡುವೆ ನಿಂತರೆ ಗೋಡೆ 2 ಮೀಟರಿನಲ್ಲೇ ಇದೆ. ಮೀಟರಿಗೆ 0.3 ಮಿ.ಮೀ. ವಾಲಿದ್ದರೂ ತಿರುಗಿಸಿದಾಗ ಕಾಣುವ ಅಂತರ 1.2 ಮಿ.ಮೀ.; ಗೆರೆಯ ದಪ್ಪವೇ ಅದಕ್ಕಿಂತ ಹೆಚ್ಚಿರಬಹುದು. ಎರಡನೆಯದು ಇದಕ್ಕಿಂತ ಗಂಭೀರ. 180 ಡಿಗ್ರಿ ತಿರುಗಿಸುವುದರಿಂದ ಹಿಡಿಯಬಹುದಾದದ್ದು ವಾಲು ಮಾತ್ರ, ಅಂದರೆ ಒಂದು ಬದಿ ಮೇಲೆ, ಎದುರು ಬದಿ ಕೆಳಗೆ ಇರುವ ದೋಷ. ಸುತ್ತಲೂ ಒಂದೇ ಸಮನೆ ಮೇಲಕ್ಕೋ ಕೆಳಕ್ಕೋ ಹೋಗುವ ದೋಷ ಇದ್ದರೆ ಎಷ್ಟು ಸಲ ತಿರುಗಿಸಿದರೂ ಗೆರೆ ಅಲ್ಲೇ ಇರುತ್ತದೆ.

ಅಂಥ ದೋಷ ಬರುವುದು ಹೀಗೆ. 360 ಡಿಗ್ರಿ ತಲೆಯಲ್ಲಿ ಲೇಸರ್ ಕಿರಣ ಶಂಕುವಿನ ಆಕಾರದ ಪುಟ್ಟ ಕನ್ನಡಿಯ ತುದಿಗೆ ನೇರ ಬಡಿದು ಸುತ್ತಲೂ ಚದರುತ್ತದೆ. ಕನ್ನಡಿಯ ಓರೆ ಕರಾರುವಾಕ್ಕಾಗಿ 45 ಡಿಗ್ರಿ ಇದ್ದರೆ ಬೆಳಕು ತಟ್ಟೆಯಂತೆ ಚಪ್ಪಟೆಯಾಗಿ ಹರಡುತ್ತದೆ. ಓರೆ ಸ್ವಲ್ಪ ತಪ್ಪಿದರೂ ಬೆಳಕು ಅದರ ಎರಡರಷ್ಟು ತಪ್ಪುತ್ತದೆ, ಮತ್ತು ಸುತ್ತಲೂ ಒಂದೇ ಕಡೆಗೆ ತಪ್ಪುತ್ತದೆ. ತಟ್ಟೆಯ ಬದಲು ಗಾಳಿಗೆ ಉಲ್ಟಾ ಆದ ಕೊಡೆಯ ಆಕಾರ. ಕೋನ್ ಎರರ್ ಎಂದು ಕರೆಯುವುದು ಇದನ್ನೇ. ಇಲ್ಲಿ ಕೊಡೆ ದೋಷ ಎನ್ನೋಣ. ಕಿರಣವನ್ನೇ ಸುತ್ತ ತಿರುಗಿಸುವ ರೋಟರಿ ಲೇಸರಿನಲ್ಲಿ ಕನ್ನಡಿಯ ಜಾಗದಲ್ಲಿ ಪೆಂಟಾಪ್ರಿಸಮ್ (ಬೆಳಕನ್ನು 90 ಡಿಗ್ರಿ ಹೊರಳಿಸುವ ಗಾಜಿನ ಪಟ್ಟಕ) ಇರುತ್ತದೆ, ಅದಕ್ಕೂ ಈ ಕಾಯಿಲೆ ಉಂಟು.

ಎರಡು ಕಂಬದ ಪರೀಕ್ಷೆ

ಸಿವಿಲ್ ಡಿಪ್ಲೊಮಾದವರಿಗೆ ಡಂಪಿ ಲೆವೆಲ್ಲಿನ (ದೂರದರ್ಶಕದಿಂದ ಮಟ್ಟ ನೋಡುವ ಉಪಕರಣದ) ಟೂ ಪೆಗ್ ಟೆಸ್ಟ್ ನೆನಪಿರುತ್ತದೆ. ಲೇಸರಿಗೂ ಅದೇ ಮದ್ದು. ಪರೀಕ್ಷೆಗೆ ಆರಿಸಿದ್ದು ಜಗಳದ ಆ ಎರಡು ಕಂಬಗಳನ್ನೇ.

ಸಮಯ ಸಂಜೆ ಆರೂವರೆ ದಾಟಿದ ಮೇಲೆ. ಕಿಟಕಿ ಗಾಜು ಇನ್ನೂ ಕೂರಿಸದ ಮನೆಯಲ್ಲಿ ಹಗಲು ಹೊತ್ತು 11 ಮೀಟರ್ ದೂರದ ಹಸಿರು ಗೆರೆಯ ಅಂಚು ಓದಲಾಗದು. ಮೇಲಾಗಿ ಬಿಸಿಲು ಬಿದ್ದ ನೆಲದ ಮೇಲಿನ ಬಿಸಿಗಾಳಿ ಗೆರೆಯನ್ನು ನಡುಗಿಸುತ್ತದೆ. ಉಪಕರಣವನ್ನು ಸ್ಕೂಟರಿನ ಡಿಕ್ಕಿಯಿಂದ ತೆಗೆದ ತಕ್ಷಣ ಬಳಸದೆ 20 ನಿಮಿಷ ಕೋಣೆಯಲ್ಲಿ ಆನ್ ಮಾಡಿ ಇಡಲಾಯಿತು. ಬಿಸಿ ಆರುವಾಗ ಒಳಗಿನ ಲೋಹ, ಅಂಟು ಎಲ್ಲ ಸ್ವಲ್ಪ ಸ್ವಲ್ಪ ಸರಿಯುತ್ತವೆ. ಟ್ರೈಪಾಡ್ ನಿಂತದ್ದು ಬರಿ ಕಾಂಕ್ರೀಟಿನ ಮೇಲೆ. ಟೈಲ್ಸ್ ಪೆಟ್ಟಿಗೆಯ ಮೇಲೆ ಲೇಸರ್ ಇಟ್ಟರೆ ಪಕ್ಕದಲ್ಲಿ ಒಬ್ಬರು ನಡೆದರೂ ಗೆರೆ ಕುಣಿಯುತ್ತದೆ.

ಮೊದಲು ಲೋಲಕದ ಪರೀಕ್ಷೆ. ಗೆರೆ ಹೊಮ್ಮಿಸುವ ಭಾಗ ಸಣ್ಣ ಬೇರಿಂಗುಗಳ ಮೇಲೆ ತೂಗುತ್ತದೆ. ಅದರ ಕೆಳತುದಿಯ ಲೋಹ ಅಯಸ್ಕಾಂತದ ಎದುರು ಓಲಾಡುವಾಗ ಲೋಹದಲ್ಲಿ ಹುಟ್ಟುವ ಸುಳಿ ಪ್ರವಾಹ ಓಲಾಟವನ್ನು ತಡೆದು ನಿಲ್ಲಿಸುತ್ತದೆ. ಬೇರಿಂಗಿಗೆ ಸಿಮೆಂಟ್ ಧೂಳು ಸೇರಿದರೆ, ಅಥವಾ ಲೇಸರ್ ಬೆಳಕು ಹುಟ್ಟಿಸುವ ಡಯೋಡಿಗೆ ಕರೆಂಟ್ ಒಯ್ಯುವ ಕೂದಲೆಳೆಯಂಥ ತಂತಿ ಬಿಗಿದುಕೊಂಡರೆ, ಲೋಲಕ ಪ್ರತಿ ಸಲ ಬೇರೆ ಬೇರೆ ಕಡೆ ನಿಲ್ಲುತ್ತದೆ. ಆಗ ಮಿಕ್ಕ ಪರೀಕ್ಷೆ ಮಾಡುವುದೇ ವ್ಯರ್ಥ. 11 ಮೀಟರ್ ದೂರದ ಸ್ಕೇಲಿನ ಮೇಲೆ ಗೆರೆ ಬಿಟ್ಟು, ಟ್ರೈಪಾಡನ್ನು ಮುಂದೆ, ಹಿಂದೆ, ಎಡ, ಬಲ ಸುಮಾರು 2 ಡಿಗ್ರಿ ವಾಲಿಸಿ ವಾಪಸ್ ತಂದು ಆರು ಸಲ ಓದಲಾಯಿತು. ಆರೂ ಓದು ಅರ್ಧ ಮಿಲಿಮೀಟರಿನ ಒಳಗೆ ಬಂದವು. ಲೋಲಕ ಆರೋಗ್ಯವಾಗಿದೆ.

ಆಮೇಲೆ ಎರಡೂ ಕಂಬಕ್ಕೆ ಅರ್ಧ ಮಿ.ಮೀ. ಗೆರೆಯಿರುವ ಸ್ಟೀಲ್ ಸ್ಕೇಲನ್ನು ನೆಟ್ಟಗೆ ಅಂಟಿಸಲಾಯಿತು. ಎರಡೂ ಸ್ಕೇಲಿನ ಸೊನ್ನೆ ಒಂದೇ ಮಟ್ಟದಲ್ಲಿರಬೇಕಿಲ್ಲ; ಲೆಕ್ಕದಲ್ಲಿ ಆ ವ್ಯತ್ಯಾಸ ತಾನಾಗಿ ಬಿದ್ದುಹೋಗುತ್ತದೆ. ಪರೀಕ್ಷೆ ಮುಗಿಯುವವರೆಗೆ ಅವು ಅಲುಗಬಾರದು, ಅಷ್ಟೇ. 11 ಮೀಟರಿನಲ್ಲಿ ಗೆರೆಯ ದಪ್ಪ ಸುಮಾರು 3 ಮಿ.ಮೀ. ಇತ್ತು. ಆದ್ದರಿಂದ ಮೇಲಂಚು, ಕೆಳಂಚು ಎರಡನ್ನೂ ಓದಿ ಸರಾಸರಿ ಹಿಡಿಯಬೇಕು. ಕಣ್ಣಿಗಿಂತ ಮೊಬೈಲ್ ಕ್ಯಾಮೆರಾದಲ್ಲಿ ಬೆಳಕು ಪೂರ್ತಿ ತಗ್ಗಿಸಿ ತೆಗೆದ ಫೋಟೊ ಇಲ್ಲಿ ಹೆಚ್ಚು ಉಪಯೋಗಕ್ಕೆ ಬಂತು: ಹೊಳಪು ಕಡಿಮೆಯಾಗಿ ಗೆರೆಯ ಅಂಚು ಸ್ಪಷ್ಟವಾಗುತ್ತದೆ. ಪ್ರತಿ ಓದು ಮೂರು ಸಲ, ನಡುವೆ ಉಪಕರಣ ಆಫ್ ಮಾಡಿ ಆನ್ ಮಾಡಿ.

ಸ್ವಿಚ್ ಇರುವ ಬದಿಯನ್ನು ಮುಖ 1 ಎಂದು ಟೇಪ್ ಹಚ್ಚಿ ಗುರುತಿಸಲಾಯಿತು. ಮುಂದಿನ ಕಂಬದಿಂದ 1 ಮೀಟರಿನಲ್ಲಿ ಲೇಸರ್. ಮುಖ 1 ಮುಂದಿನ ಕಂಬದ ಕಡೆಗೆ: ಓದು 152.0. ಟ್ರೈಪಾಡ್ ಅಲುಗಿಸದೆ ಲೇಸರನ್ನು ಮಾತ್ರ ತಿರುಗಿಸಿ ಅದೇ ಮುಖ 1 ಹಿಂದಿನ ಕಂಬದ ಕಡೆಗೆ: 166.8. ವ್ಯತ್ಯಾಸ 14.8. ಈಗ ಲೇಸರನ್ನು ಹಿಂದಿನ ಕಂಬದಿಂದ 1 ಮೀಟರಿಗೆ ಒಯ್ದು, ಎತ್ತರ ಹೇಗೆ ಬಂದರೂ ಸರಿ, ಮುಖ 1 ಹಿಂದಿನ ಕಂಬಕ್ಕೆ: 171.2. ಮುಖ 1 ಮುಂದಿನ ಕಂಬಕ್ಕೆ: 163.9. ವ್ಯತ್ಯಾಸ 7.3.

ಲೇಸರ್ ಸರಿಯಿದ್ದರೆ ಈ ಎರಡು ವ್ಯತ್ಯಾಸಗಳು ಒಂದೇ ಆಗಬೇಕಿತ್ತು. 14.8 ರಲ್ಲಿ 7.3 ಕಳೆದರೆ 7.5 ಮಿ.ಮೀ. ಇದನ್ನು ಯಾವ ದೂರದಿಂದ ಭಾಗಿಸಬೇಕು ಎನ್ನುವಲ್ಲಿ ಹಲವರು ಎಡವುತ್ತಾರೆ. 12 ಅಲ್ಲ, 24 ಕೂಡ ಅಲ್ಲ. ಪ್ರತಿ ನಿಲುವಿನಲ್ಲಿ ದೂರದ ಕಂಬ 11, ಹತ್ತಿರದ್ದು 1, ವ್ಯತ್ಯಾಸ 10 ಮೀಟರ್. ಎರಡು ನಿಲುವಿಗೆ 20. ಹೀಗೆ 7.5 ÷ 20, ಮೀಟರಿಗೆ 0.375 ಮಿ.ಮೀ. ಮೇಲ್ಮುಖ.

ಇದೇ ಓದುಗಳಲ್ಲಿ ಇನ್ನೊಂದು ಉತ್ತರವೂ ಇದೆ. 14.8 ಮತ್ತು 7.3 ರ ಸರಾಸರಿ 11.05. ಎರಡು ಸ್ಕೇಲಿನ ಸೊನ್ನೆಗಳ ನಡುವಿನ ನಿಜವಾದ ಮಟ್ಟದ ವ್ಯತ್ಯಾಸ ಅದು. ಕೆಟ್ಟ ಲೇಸರಿನಿಂದಲೇ ಸರಿಯಾದ ಮಟ್ಟ ಸಿಕ್ಕಿತು.

ಭೂಮಿಯ ಬಾಗು ಲೆಕ್ಕಕ್ಕೆ ಬರುವುದಿಲ್ಲವೇ ಎಂದು ಕೇಳುವವರಿದ್ದಾರೆ. 12 ಮೀಟರಿಗೆ ಅದು ಮಿಲಿಮೀಟರಿನ ನೂರನೇ ಒಂದು ಭಾಗ. 100 ಮೀಟರಿಗೆ ಹೋದರೆ ಮುಕ್ಕಾಲು ಮಿ.ಮೀ. ಮನೆಯೊಳಗೆ ಮರೆತುಬಿಡಬಹುದು.

ನಾಲ್ಕು ಮುಖ

ಒಂದು ಮುಖ ನೋಡಿ ನಿಲ್ಲಿಸಿದ್ದರೆ ಇಡೀ ಪ್ರಕರಣ ತಪ್ಪು ದಾರಿ ಹಿಡಿಯುತ್ತಿತ್ತು. ಅದೇ ಕ್ರಮ ಉಳಿದ ಮೂರು ಮುಖಗಳಿಗೂ ನಡೆಯಿತು. 20 ಮೀಟರಿಗೆ ಬಂದ ಅಂತರ: ಮುಖ 1 ಕ್ಕೆ 7.5, ಮುಖ 2 ಕ್ಕೆ 6.9, ಮುಖ 3 ಕ್ಕೆ 6.1, ಮುಖ 4 ಕ್ಕೆ 6.7 ಮಿ.ಮೀ. ನಾಲ್ಕೂ ಮೇಲಕ್ಕೇ.

ನಾಲ್ಕರ ಸರಾಸರಿ 6.8, ಅಂದರೆ ಮೀಟರಿಗೆ 0.34 ಮಿ.ಮೀ., ಕೋನದಲ್ಲಿ ಸುಮಾರು 70 ಸೆಕೆಂಡ್. ಇದು ಕೊಡೆ ದೋಷ. ಎದುರುಬದುರಾದ ಮುಖ 1 ಮತ್ತು 3 ರ ಅಂತರದ ಅರ್ಧ 0.7 ಮಿ.ಮೀ., ಮೀಟರಿಗೆ 0.035. ಇದು ವಾಲು. ಮುಖ 2 ಮತ್ತು 4 ರ ನಡುವೆ ವಾಲು ಇಲ್ಲವೆನ್ನುವಷ್ಟು ಕಡಿಮೆ. ಒಂದೊಂದು ಓದಿನಲ್ಲೂ 0.3 ಮಿ.ಮೀ. ಅತ್ತಿತ್ತ ಆಗಬಹುದು ಎಂದು ಹಿಡಿದರೆ, ನಾಲ್ಕು ಓದು ಸೇರಿ ಒಂದು ಮುಖದ ಉತ್ತರದಲ್ಲಿ 0.6 ಮಿ.ಮೀ. ಅನುಮಾನ ಉಳಿಯುತ್ತದೆ, ಮೀಟರಿಗೆ 0.03. ಅಂದಮೇಲೆ ವಾಲು ಅಳತೆಯ ಅನುಮಾನದ ಅಂಚಿನಲ್ಲಿದೆ, ಇದೆ ಎಂದು ಗಟ್ಟಿಯಾಗಿ ಹೇಳುವಂತಿಲ್ಲ. ಕೊಡೆ ದೋಷದಲ್ಲಿ ಮಾತ್ರ ಸಂಶಯವಿಲ್ಲ.

ಇಲ್ಲಿಗೆ ಬಿದ್ದ ಕಥೆಯೂ ಸಡಿಲವಾಗುತ್ತದೆ. ಲೇಸರ್ ಬಿದ್ದರೆ ಸಾಮಾನ್ಯವಾಗಿ ಲೋಲಕದ ತೂಕ ಸರಿಯುತ್ತದೆ, ಬೇರಿಂಗ್ ಪೆಟ್ಟು ತಿನ್ನುತ್ತದೆ. ಫಲ ವಾಲು, ಇಲ್ಲವೇ ಪ್ರತಿ ಸಲ ಬೇರೆ ಓದು. ಸುತ್ತಲೂ ಸಮನಾದ 70 ಸೆಕೆಂಡ್ ಕನ್ನಡಿಯ ಓರೆಯಿಂದ ಬರುವಂಥದು, ಕಾರ್ಖಾನೆಯಿಂದಲೇ ಬಂದಿರುವ ಸಾಧ್ಯತೆ ಹೆಚ್ಚು. ಪೆಟ್ಟಿಗೆ ಮೇಲಿನ 0.3 ನ್ನು ಅದು ದಾಟಿದ್ದು ಕೂಡ ಕೂದಲೆಳೆಯಷ್ಟು. ಹಾಗೆ ನೋಡಿದರೆ ಪೆಟ್ಟಿಗೆಯ ಮಾತಿನಂತೆಯೇ ಇರುವ, ಅಂದರೆ ಸರಿ 0.3 ಇರುವ ಲೇಸರ್ ಕೂಡ ಈ ಮನೆಯಲ್ಲಿ ಇದೇ ರೀತಿ ಇಟ್ಟಿದ್ದರೆ ಕಂಬದ ಮೇಲೆ 6 ಮಿ.ಮೀ. ಅಂತರ ತೋರಿಸುತ್ತಿತ್ತು.

ಸ್ಕ್ರೂ ತಿರುಗಿಸಿ ಸರಿಮಾಡಿಬಿಡೋಣ ಎಂಬ ಸಲಹೆ ಸೈಟಿನಲ್ಲೇ ಬಂತು. ಈ ಬಗೆಯ ಲೇಸರುಗಳ ತಳ ಬಿಚ್ಚಿದರೆ ಲೋಲಕದ ಬುಡದಲ್ಲಿ ಪುಟ್ಟ ಸ್ಕ್ರೂಗಳು ಕಾಣುತ್ತವೆ, ಅಲುಗದಂತೆ ಮೇಲೆ ಬಣ್ಣ ಅಥವಾ ಅಂಟು ಹಚ್ಚಿರುತ್ತಾರೆ. ಒಳಗೆ ಹೊರಗೆ ಸರಿಸಿದರೆ ಲೋಲಕದ ಭಾರದ ನಡು ಸರಿದು ಅದು ತೂಗುವ ಕೋನ ಬದಲಾಗುತ್ತದೆ. ಅವು ವಾಲನ್ನು ಸರಿಮಾಡುತ್ತವೆ, ಕೊಡೆಯನ್ನಲ್ಲ. ಮುಖ 1 ಒಂದನ್ನೇ ನೋಡಿ 0.375 ನ್ನು ಸೊನ್ನೆಗೆ ತಂದಿದ್ದರೆ, ಸೀಸಾ ಹಲಗೆಯಂತೆ ಮುಖ 3 ಅಷ್ಟೇ ಮೇಲೇಳುತ್ತಿತ್ತು: 0.305 ಇದ್ದದ್ದು 0.68. ಒಂದು ಬದಿಯಲ್ಲಿ ಅಚ್ಚುಕಟ್ಟು, ಬೆನ್ನಿನಲ್ಲಿ 10 ಮೀಟರಿಗೆ ಸುಮಾರು 7 ಮಿ.ಮೀ. ತಪ್ಪು. ಸುತ್ತಲೂ ಗೆರೆ ಬಿಡುವ ಲೇಸರಿನಲ್ಲಿ ಇದು ಮೊದಲಿಗಿಂತ ಅಪಾಯ.

ದೋಷ ನಿಜಕ್ಕೂ ವಾಲಿನದೇ ಆಗಿದ್ದರೆ ತಿದ್ದುವ ಕ್ರಮ ಬೇರೆ. ಎರಡನೇ ನಿಲುವಿನಲ್ಲಿ ಲೇಸರನ್ನು ಅಲ್ಲೇ ಬಿಟ್ಟು, ದೂರದ ಕಂಬದ ಮೇಲೆ ಗೆರೆಯನ್ನು ಒಟ್ಟು ಅಂತರದ ಅರ್ಧಕ್ಕಿಂತ ತುಸು ಹೆಚ್ಚು ಇಳಿಸಬೇಕು (ಇಲ್ಲಿಯ ದೂರಗಳಲ್ಲಿ 7.5 ಕ್ಕೆ 4.1). ಬಹಳ ಜನ ಪೂರ್ತಿ 7.5 ಇಳಿಸುತ್ತಾರೆ, ಮರುಪರೀಕ್ಷೆಯಲ್ಲಿ ತಪ್ಪು ಕೆಳಮುಖವಾಗಿ ಕಾಣುತ್ತದೆ, ಮತ್ತೆ ತಿರುಗಿಸುತ್ತಾರೆ. ಒಂದು ಸಲಕ್ಕೆ ಸ್ಕ್ರೂವಿನ ಎಂಟನೇ ಒಂದು ಸುತ್ತಿಗಿಂತ ಹೆಚ್ಚು ಬೇಡ. ಎದುರು ಮುಖವನ್ನು ಪ್ರತಿ ಸಲ ನೋಡಬೇಕು. ಅಂಟು ಹಚ್ಚಿ ಒಂದು ದಿನ ಬಿಟ್ಟು ಮತ್ತೆ ಪರೀಕ್ಷಿಸಬೇಕು. ವಾರಂಟಿ ಇದ್ದರೆ ತಳ ಬಿಚ್ಚಿದ ಕೂಡಲೇ ಅದು ಹೋಯಿತು ಎಂದೇ ತಿಳಿಯಬೇಕು.

ನಿಂತ ಗೆರೆಯನ್ನೂ ಇದೇ ಸಂಜೆ ನೋಡಲಾಯಿತು. 2.1 ಮೀಟರ್ ಎತ್ತರದಿಂದ ತೂಗುಗುಂಡು ಇಳಿಬಿಟ್ಟು, ಗುಂಡನ್ನು ನೀರಿನ ಬಕೆಟ್ಟಿನಲ್ಲಿ ಮುಳುಗಿಸಿ ಓಲಾಟ ನಿಲ್ಲಿಸಿದಾಗ ದಾರ ಮತ್ತು ಗೆರೆ ಅರ್ಧ ಮಿ.ಮೀ. ಒಳಗೆ ಕೂಡಿದವು. ಬಾಗಿಲ ಚೌಕಟ್ಟಿಗೆ ಅದು ಸಾಕು.

ಪೈಪಿನ ಮಾತು

ಮೇಸ್ತ್ರಿಯ ಗುರುತು ನಿಜವಾದ ಮಟ್ಟದಿಂದ ಅರ್ಧ ಮಿಲಿಮೀಟರಿನಷ್ಟು ಮಾತ್ರ ಮೇಲಿತ್ತು. ಪೈಪು ಅಗ್ಗದ್ದು ಎಂದು ಅದನ್ನು ತಳ್ಳಿಹಾಕುವುದು ಈಗಿನ ರೂಢಿ, ಆದರೆ ನೀರಿಗೆ ಕ್ಯಾಲಿಬ್ರೇಶನ್ ಬೇಡ ಎನ್ನುವುದು ಸಣ್ಣ ಅನುಕೂಲವಲ್ಲ. ಹಾಗೆಂದು ಅದು ಸುಳ್ಳೇ ಹೇಳುವುದಿಲ್ಲ ಎಂದೂ ಅಲ್ಲ. ಪೈಪಿನಲ್ಲಿ ಒಂದು ಗಾಳಿಗುಳ್ಳೆ ಸಿಕ್ಕಿಕೊಂಡರೆ ಮಟ್ಟ ಕೆಡುತ್ತದೆ. ಅದಕ್ಕಿಂತ ಮೋಸದ್ದು ಬಿಸಿಲು. ಒಂದು ತುದಿ ಮನೆಯೊಳಗಿನ ನೆರಳಿನಲ್ಲಿ 25 ಡಿಗ್ರಿ, ಇನ್ನೊಂದು ತುದಿ ಹೊರಗಿನ ಬಿಸಿಲಿನಲ್ಲಿ 35 ಡಿಗ್ರಿ ಇದ್ದರೆ ಬಿಸಿ ನೀರು ಹಗುರವಾಗಿ, 1 ಮೀಟರ್ ಎತ್ತರದ ನೀರಿನ ಕಂಬಕ್ಕೆ 3 ಮಿ.ಮೀ. ಮೇಲೆ ನಿಲ್ಲುತ್ತದೆ. ಯಾವ ಗುಳ್ಳೆಯೂ ಕಾಣುವುದಿಲ್ಲ, ನೀರು ಅಲುಗುವುದೂ ಇಲ್ಲ. ಮೇಸ್ತ್ರಿ ಹಿಡಿದದ್ದು ಮನೆಯೊಳಗೆ, ಎರಡೂ ತುದಿ ನೆರಳಿನಲ್ಲಿ. ನೀರು ತುಂಬಿದ ಮೇಲೆ ಎರಡೂ ತುದಿಯನ್ನು ಒಟ್ಟಿಗೆ ಹಿಡಿದು ಸಮ ಇದೆಯೇ ಎಂದು ನೋಡಿಕೊಂಡು ನಂತರ ಹೊರಟಿದ್ದರು. ಈ ಒಂದು ಹೆಜ್ಜೆ ಗುಳ್ಳೆಯನ್ನು ಹಿಡಿದುಬಿಡುತ್ತದೆ.

ಈಗ ಮೂರು ಗುರುತಿನ ಒಗಟು ಬಿಡಿಸಬಹುದು. ಮೊದಲ ದಿನದ ಗುರುತು: (11 − 1) × 0.34, ನಿಜಕ್ಕಿಂತ 3.4 ಮಿ.ಮೀ. ಮೇಲೆ. ಎರಡನೆಯದು: (1 − 11) × 0.34, ನಿಜಕ್ಕಿಂತ 3.4 ಮಿ.ಮೀ. ಕೆಳಗೆ. ನಡುವಿನ ಅಂತರ 6.8; ಕಂಬದ ಮೇಲೆ ಅಳೆದದ್ದು ಸುಮಾರು 7. ಅಡುಗೆಮನೆ ಬಾಗಿಲು ಎರಡನೇ ನಿಲುವಿನಲ್ಲಿ ಲೇಸರಿನಿಂದ 2 ಮೀಟರ್ ದೂರದಲ್ಲಿತ್ತು, ಅಲ್ಲಿಯ ತಪ್ಪು (2 − 11) × 0.34, ಅಂದರೆ 3.1 ಕೆಳಗೆ. ಅಡುಗೆಮನೆ ನೆಲ 3.4 ಮೇಲೆ, ಡೈನಿಂಗ್ 3.1 ಕೆಳಗೆ, ಬಾಗಿಲಲ್ಲಿ ಏರು 6.5 ಮಿ.ಮೀ. ಸ್ಕೇಲಿನಲ್ಲಿ ಕಂಡದ್ದು 6 ರಿಂದ 7. ಟೈಲ್ಸ್ ಹಾಕಿದವರ ಕೈಯಲ್ಲಿ ತಪ್ಪಿರಲಿಲ್ಲ. ಎರಡೂ ತಂಡ ತಮಗೆ ಕೊಟ್ಟ ಗುರುತಿಗೆ ನಿಷ್ಠರಾಗಿದ್ದವು.

ನೆಲಕ್ಕೆ ಮಾಡಿದ್ದು

ಮುಂದಿನ ಕಂಬದಿಂದ 6 ಮೀಟರ್, ಹಿಂದಿನದರಿಂದ 6 ಮೀಟರ್ ಬರುವಲ್ಲಿದ್ದ ಪೆಟ್ಟಿಗೆಗಳನ್ನು ಸರಿಸಿ ಲೇಸರ್ ಇಡಲಾಯಿತು. ಎರಡೂ ಕಂಬಕ್ಕೆ ಒಂದೇ ಮುಖವನ್ನು ತಿರುಗಿಸಿ ಹೊಸ ಗುರುತು. ಒಂದೇ ಮುಖ ಎನ್ನುವುದು ಮುಖ್ಯ: ನಡುವೆ ಇಟ್ಟರೆ ಕೊಡೆ ದೋಷ ಹೇಗೂ ಕಳೆದುಹೋಗುತ್ತದೆ, ಆದರೆ ಮುಖ 1 ಒಂದು ಕಡೆ, ಮುಖ 3 ಇನ್ನೊಂದು ಕಡೆ ನೋಡುತ್ತಿದ್ದರೆ ವಾಲು ಉಳಿಯುತ್ತದೆ. ಹೊಸ ಗುರುತು ಹಳೆಯ ಎರಡರ ಸರಿ ನಡುವೆ ಬಂತು, ಮೇಸ್ತ್ರಿಯ ಗುರುತಿನ ಪಕ್ಕದಲ್ಲೇ. ಹಳೆಯ ಮೂರನ್ನೂ ಅಳಿಸಲಾಯಿತು. ಹಳೆ ಗುರುತು ಉಳಿದರೆ ಯಾರೋ ಒಬ್ಬರು ಮತ್ತೆ ಅದರಿಂದಲೇ ದಾರ ಕಟ್ಟುತ್ತಾರೆ.

ಅಡುಗೆಮನೆ ನೆಲ 3.4 ಮಿ.ಮೀ. ಮೇಲಿದ್ದರೂ ತನ್ನಷ್ಟಕ್ಕೆ ಸಮವಾಗಿತ್ತು, ಅಂಟು ಗಟ್ಟಿಯಾಗಿತ್ತು, ಕೀಳುವುದರಲ್ಲಿ ಅರ್ಥವಿರಲಿಲ್ಲ. ಡೈನಿಂಗಿನ ಎರಡು ಸಾಲು ಕಿತ್ತರು. ಅಡುಗೆಮನೆ ಬಾಗಿಲಿನಿಂದ ಮುಂಬಾಗಿಲಿನವರೆಗೆ 9 ಮೀಟರ್ ಉದ್ದದಲ್ಲಿ ಆ 3.4 ಮಿ.ಮೀ. ಹಂಚಿದರೆ ಮೀಟರಿಗೆ 0.38 ಮಿ.ಮೀ. ಇಳಿಜಾರು. ಕಣ್ಣಿಗಾಗಲಿ ಕಾಲಿಗಾಗಲಿ ಗೊತ್ತಾಗದು, ಅಂಟಿನ ಹಾಸಿನ ದಪ್ಪದಲ್ಲೇ ಹೊಂದಿಸಬಹುದು. ಮುಂಬಾಗಿಲಲ್ಲಿ ನಿಜವಾದ ಮಟ್ಟ, ಅಡುಗೆಮನೆ ಬಾಗಿಲಲ್ಲಿ ಅಡುಗೆಮನೆಯ ಮಟ್ಟ, ನಡುವೆ ಬಿಗಿದ ದಾರ. ಈ ಕೆಲಸಕ್ಕೆ ಲೇಸರ್ ಬೇಕಾಗಲಿಲ್ಲ. ಅಡುಗೆಮನೆಯಿಂದ ಹಾಲಿನ ಕಡೆಗೆ ಇಳಿಜಾರು ಹೋಗುವುದು ನೀರಿನ ದೃಷ್ಟಿಯಿಂದ ಒಳ್ಳೆಯದಲ್ಲ ಎಂಬ ಆಕ್ಷೇಪ ಸರಿಯೇ, ಆದರೆ ಈ ಪ್ರಮಾಣದಲ್ಲಿ ನೀರು ಹರಿಯುವುದಕ್ಕಿಂತ ನಿಲ್ಲುವುದೇ ಹೆಚ್ಚು. ಗ್ರಾನೈಟ್ ಕಟ್ಟೆಯನ್ನು ಮಾತ್ರ ನೆಲದಿಂದ ಅಳೆಯದೆ ಹೊಸ ಗುರುತಿನಿಂದ ಎತ್ತರ ಹಿಡಿದು ಕೂರಿಸಲಾಯಿತು.

ಉಪಕರಣಕ್ಕೆ ಮಾಡಿದ್ದು

ಲೇಸರನ್ನು "ಕ್ಯಾಲಿಬ್ರೇಶನ್ನಿಗೆ ಕಳಿಸಿ" ಎನ್ನುವಾಗ ಎರಡು ಬೇರೆ ಕೆಲಸಗಳನ್ನು ಒಂದೇ ಹೆಸರಿನಲ್ಲಿ ಕರೆಯುತ್ತಾರೆ. ತಪ್ಪು ಎಷ್ಟಿದೆ ಎಂದು ಅಳೆದು ಬರೆದುಕೊಡುವುದು ಕ್ಯಾಲಿಬ್ರೇಶನ್. ತಪ್ಪನ್ನು ತಿದ್ದುವುದು ಹೊಂದಾಣಿಕೆ. ಎನ್‌ಎಬಿಎಲ್ (ಲ್ಯಾಬುಗಳಿಗೆ ಮಾನ್ಯತೆ ಕೊಡುವ ರಾಷ್ಟ್ರೀಯ ಮಂಡಳಿ) ಮಾನ್ಯತೆಯ ಲ್ಯಾಬಿನ ಪ್ರಮಾಣಪತ್ರ ಹಿಡಿದು ಬಂದ ಲೇಸರ್ ತಿದ್ದುಪಡಿಯಾಗಿಯೇ ಬಂದಿದೆ ಎಂದುಕೊಳ್ಳಬಾರದು. ಪತ್ರದಲ್ಲಿ ಎಷ್ಟು ತಪ್ಪು, ಎಷ್ಟು ಅನುಮಾನ, ಯಾವ ಮುಖದಲ್ಲಿ ಎಂದು ಓದಬೇಕು. ಸರ್ವಿಸ್ ಸೆಂಟರುಗಳು ತಿದ್ದುವಾಗ ಗೋಡೆ ಬಳಸುವುದಿಲ್ಲ. ಅನಂತ ದೂರಕ್ಕೆ ಫೋಕಸ್ ಆದ ದೂರದರ್ಶಕದಂಥ ಕಾಲಿಮೇಟರುಗಳನ್ನು ಸುತ್ತಲೂ ಇಟ್ಟು ಕೋನವನ್ನೇ ನೇರ ಓದುತ್ತಾರೆ. ಲೇಸರ್ ಒಂದೆರಡು ಮಿ.ಮೀ. ಎತ್ತರ ತಗ್ಗಾಗಿ ಕೂತರೂ ಓದು ಬದಲಾಗುವುದಿಲ್ಲ. ರೋಟರಿ ಲೇಸರುಗಳ ಸೈಟ್ ಪರೀಕ್ಷೆಗೆ ಐಎಸ್‌ಒ 17123-6 ಎಂಬ ಮಾನದಂಡವಿದೆ. ಇಷ್ಟು ಚಿಕ್ಕ ಉಪಕರಣಕ್ಕೆ ಅದರ ಪೂರ್ತಿ ಕ್ರಮ ಹೆಚ್ಚಾಯಿತು.

ಈ ಲೇಸರನ್ನು ಬಿಚ್ಚಲಿಲ್ಲ. ಕನ್ನಡಿಯ ಓರೆ ಸೈಟಿನಲ್ಲಿ ತಿದ್ದುವಂಥದಲ್ಲ, ತಲೆಯನ್ನೇ ಬದಲಿಸಬೇಕು; ವಾರಂಟಿ ಉಳಿದಿದ್ದರಿಂದ ನಾಲ್ಕು ಮುಖದ ಓದುಗಳ ಹಾಳೆ ಸಮೇತ ಮಾರಿದವರಿಗೆ ವಾಪಸ್ ಕಳಿಸುವುದು ಎಂದಾಯಿತು. ಕೆಲಸ ನಿಲ್ಲುವಂತಿರಲಿಲ್ಲ, ಹಾಗಾಗಿ ಮಹಡಿಯ ಮಟ್ಟಗಳು ಮುಗಿಯುವವರೆಗೆ ಇದನ್ನೇ ಬಳಸಲಾಯಿತು, ಬೆನ್ನಿಗೆ ಒಂದು ಚೀಟಿ ಅಂಟಿಸಿ: "ಮೇಲ್ಮುಖ 0.34 ಮಿ.ಮೀ./ಮೀ. ಎರಡು ಗುರುತಿಗೂ ದೂರ ಸಮ ಇರಲಿ, ವ್ಯತ್ಯಾಸ 1 ಮೀಟರ್ ಮೀರದಿರಲಿ. ಮುಖ 1 ಮಾತ್ರ." ಒಂದು ಮೀಟರ್ ವ್ಯತ್ಯಾಸಕ್ಕೆ ಗುರುತು ತಪ್ಪುವುದು ಮಿಲಿಮೀಟರಿನ ಮೂರನೇ ಒಂದು ಭಾಗ, ಪೆನ್ಸಿಲ್ ಗೆರೆಯ ದಪ್ಪಕ್ಕಿಂತ ಕಡಿಮೆ. ನಡುವೆ ಗೋಡೆ ಬಂದು ಸಮದೂರ ಸಿಗದ ಕಡೆ ಎರಡೂ ತುದಿಯಿಂದ ಒಂದೊಂದು ಗುರುತು ಹಾಕಿ ನಡುವನ್ನು ಹಿಡಿಯಬೇಕು.

ಸ್ಕೂಟರಿನಲ್ಲಿ ಒಯ್ಯುವ ಮುನ್ನ ಲೋಲಕದ ಲಾಕ್ ಹಾಕಬೇಕೆಂದೂ ಅದೇ ಚೀಟಿಯಲ್ಲಿ ಸೇರಿಸಲಾಯಿತು. ಲಾಕ್ ಬಿಟ್ಟು ಒಯ್ದರೆ ಬೆಂಗಳೂರಿನ ಪ್ರತಿ ರಸ್ತೆ ಉಬ್ಬಿಗೂ ಲೋಲಕ ಒಳಗಿನ ಗೋಡೆಗೆ ಬಡಿಯುತ್ತದೆ. ಎರಡು ಕಂಬದ ಸ್ಕೇಲುಗಳನ್ನು ಕೀಳದೆ ಅಲ್ಲೇ ಬಿಡಲಾಯಿತು, ಸೋಮವಾರಕ್ಕೊಮ್ಮೆ ಮುಖ 1 ರ ನಾಲ್ಕು ಓದು ತೆಗೆಯಲು ಹತ್ತು ನಿಮಿಷ ಸಾಕು. ಮುಂದಿನ ಎರಡು ಸೋಮವಾರ 20 ಮೀಟರಿಗೆ ಬಂದ ಅಂತರ 7.3 ಮತ್ತು 7.6. ಮೂರನೆಯ ಸೋಮವಾರದ ಹೊತ್ತಿಗೆ ಪೇಂಟಿಂಗಿನವರು ಸ್ಕೇಲುಗಳನ್ನು ಕಿತ್ತು ಕಿಟಕಿಯ ಮೇಲೆ ಇಟ್ಟಿದ್ದರು.